ಗೀರಕ್ಕ

ಅವಳ ಬಲಗೈಯ ಕಿರುಬೆರಳಿನ ಉಗುರು ಮಾತ್ರ ಉದ್ದ; ಮಿಕ್ಕವನ್ನೆಲ್ಲ ಮಾಂಸಕ್ಕೆ ತಾಗುವಂತೆ ಕತ್ತರಿಸಿಕೊಂಡಿರುತ್ತಿದ್ದಳು. ಆ ಉಗುರಿನಿಂದ ಹಳೆಯ ಫಿಲ್ಮ್ ಸುರುಳಿಗಳ ಮೇಲಿನ ಚಿತ್ರವನ್ನು ಕೆರೆದು, ಬ್ಲೀಚಿನಲ್ಲಿ ಅದ್ದಿ, ಉಳಿದ ಗೀರು, ಕಲೆ, ಬಣ್ಣಗಳನ್ನೇ ಪರದೆಯ ಮೇಲೆ ಓಡಿಸಿ, ಕತೆಯಿಲ್ಲದ, ಮುಖವಿಲ್ಲದ ಪುಟ್ಟ ಪುಟ್ಟ ಸಿನಿಮಾ ಮಾಡುತ್ತಿದ್ದಳು. ಕ್ಯಾಮೆರಾ ಕೊಳ್ಳುವ ಶಕ್ತಿಯಿರಲಿಲ್ಲ. ಗುಜರಿಯವನು ತೂಕಕ್ಕೆ ಹಾಕುವ ಸುರುಳಿಗಳೇ ಬಂಡವಾಳ. ಬೀದಿಯವರು ಗೀರಕ್ಕ ಎಂದು ಕರೆದರೆ ಓಗೊಡುತ್ತಿದ್ದಳು.

ಗೋಡೆಯ ಮೇಲೆ ಬಿಸಿಲು ಕಂಡಲ್ಲೆಲ್ಲ ನಿಂತುಬಿಡುವ ನಡಿಗೆ. ಬ್ಲೀಚು ತಿಂದು ಮೊಳಕೈ ಬೆಳ್ಳಗಾದ, ಅಪ್ಪನ ಕಾಲದ ಕೋಟು. ಜೊತೆಗೊಂದು ಹಟ: ಕೆರೆಯುವ ಮುಂಚೆ ಸುರುಳಿಯನ್ನು ಬೆಳಕಿಗೆ ಹಿಡಿದು ನೋಡಬಾರದು.

"ಒಂದ್ಸಲ ನೋಡಿದ್ರೆ ನಿನ್ನ ಗಂಟೇನು ಹೋಗುತ್ತೆ?" ಎಂದು ತಂಗಿ ಕೆಣಕುವಳು.

"ಇರಲಿ, ಇರಲಿ. ಮುಖ ಕಂಡ್ರೆ ಕೈ ಏಳಲ್ಲ ಕಣೇ."

ಅಮ್ಮ ಹಾಸಿಗೆ ಹಿಡಿದಾಗ ತಂಗಿ ಅಮ್ಮನ ಕೋಣೆ ತೆರವು ಮಾಡಿದಳು. ಅಲ್ಲಿದ್ದ, ಚೀಟಿ ಉದುರಿದ ಫಿಲ್ಮ್ ಡಬ್ಬಿಯೊಂದು ಗುಜರಿಯ ಡಬ್ಬಿಗಳ ಜೊತೆ ಸೇರಿಹೋಯಿತು. ಗೀರಕ್ಕ ಎಂದಿನಂತೆ ನೋಡದೆ ಕೆರೆದಳು.

ಕೆಲವು ದಿನಗಳಲ್ಲೇ ಅಮ್ಮ ಕೇಳಿದಳು: "ನಿನ್ನ ತಮ್ಮ ನಡೆಯೋಕೆ ಕಲಿತಾಗ ಅಪ್ಪ ಯಾರದೋ ಕ್ಯಾಮೆರಾ ತಂದು ತೆಗೆದಿದ್ರಲ್ಲ, ಅದನ್ನ ಹಾಕೇ. ಅವನ ಮುಖ ಮರ್ತುಹೋಗ್ತಾ ಇದೆ."

ಶಾಲೆಯ ಮುಖ ಕಾಣುವ ಮೊದಲೇ ಜ್ವರದಲ್ಲಿ ಹೋದ ತಮ್ಮ. ಅವನದೆಂದು ಉಳಿದಿದ್ದ ಚಿತ್ರ ಅದೊಂದೇ. ಕೆರೆದು ಮೇಜಿನ ಮೇಲಿಟ್ಟಿದ್ದ ಸುರುಳಿಯನ್ನು ಗೀರಕ್ಕ ಮೊದಲ ಬಾರಿಗೆ ಕಿಟಕಿಗೆ ಹಿಡಿದು ನೋಡಿದಳು. ಅಂಚಿನ ತೂತುಗಳ ಪಕ್ಕ, ಉಗುರು ತಪ್ಪಿದ ಕಡೆ, ಒಂದು ಪುಟ್ಟ ಹಿಮ್ಮಡಿ ಉಳಿದಿತ್ತು.

"ಹಾಳಾಗಿತ್ತು ಅಂದ್ಬಿಡೇ," ತಂಗಿ ಪಿಸುಗುಟ್ಟಿದಳು. "ಅಮ್ಮಂಗೇನು ಗೊತ್ತಾಗುತ್ತೆ?"

ಆದರೆ ಆ ಹಿಮ್ಮಡಿಯನ್ನಾದರೂ ತೋರಿಸಬೇಕೆನ್ನಿಸಿ, ಗೀರಕ್ಕ ಗೋಡೆಗೆ ಬಟ್ಟೆ ಕಟ್ಟಿ ಪ್ರೊಜೆಕ್ಟರ್ ಓಡಿಸಿದಳು. ಗೀರುಗಳು ಸುರಿದವು, ಕೆಂಪು, ಹಳದಿ ಕರಗಿ ಹರಿದವು, ಹಿಮ್ಮಡಿ ಬಂದದ್ದೂ ಹೋದದ್ದೂ ತಿಳಿಯಲಿಲ್ಲ. ಬಟ್ಟೆ ಮತ್ತೆ ಬಿಳಿಯಾಯಿತು.

"ಯಾವಾಗ ಶುರುವಾಗುತ್ತೆ?" ಎಂದಳು ಅಮ್ಮ.

"ಮುಗೀತಮ್ಮ. ನಾನೇ ಕೆರೆದುಬಿಟ್ಟೆ."

"ಒಂದ್ಸಲ ನೋಡಬಾರದಿತ್ತೇನೇ?"

ಅಮ್ಮ ಗೋಡೆಯ ಕಡೆ ಹೊರಳಿ ಮಲಗಿದಳು. ಸಾಯುವವರೆಗೂ ಆ ಮಾತು ಎತ್ತಲಿಲ್ಲ.

ಗೀರಕ್ಕ ಮಾಡಿದ್ದರಲ್ಲೆಲ್ಲ ಉತ್ತಮವಾದದ್ದು ಆ ಸಿನಿಮಾವೇ ಎಂದು ನೋಡಿದವರು ಹೇಳಿದರು. ಅದು ನಿಜವೆಂದು ಅವಳಿಗೂ ಗೊತ್ತಿತ್ತು. ಅಳಿಸುವುದನ್ನೇ ಕಲೆಯಾಗಿಸಿಕೊಂಡವರು, ಅಳಿಸಿದ್ದು ಯಾರದೂ ಅಲ್ಲ ಎಂಬ ನಂಬಿಕೆಯ ಮೇಲೆ ಬದುಕುತ್ತಾರೆ. ಗುಜರಿಯ ಪ್ರತಿ ಸುರುಳಿಯಲ್ಲೂ ಯಾರದೋ ಮನೆಯ ಮಗು ಎದ್ದು ನಡೆದಿರಬಹುದು ಎಂದು ಹೊಳೆದ ದಿನ ಆ ನಂಬಿಕೆ ಹೋಗುತ್ತದೆ. ಕೆಲಸ ಮಾತ್ರ ಅವರ ಕೈ ಬಿಡುವುದಿಲ್ಲ.