ಇಲ್ಲದ ಪೈಪು

ಹುಲಿಗವ್ವ ಪಕ್ಕದ ಹೋಟೆಲಿನವನ ಮುಂದೆ ಎರಡು ವರ್ಷ ಅಂಗಲಾಚಿದಳು, ಆಮೇಲೆ ಬಿಟ್ಟಳು. ಕುಷ್ಟಗಿ ರಸ್ತೆಗೆ ಹತ್ತಿದ ಅವಳ ಹೊಲದಲ್ಲಿ, ಗಂಡ ಪಕೀರಪ್ಪನೂ ಅವಳೂ ಸೇರಿ ಕಲ್ಲು ಒಡೆದು ತೋಡಿದ ಬಾವಿಯೊಂದಿತ್ತು. ಗಂಡ ಹೋದ ಮೇಲೆ ಅವಳ ಜೀವವೆಲ್ಲ ಆ ಬಾವಿಯಲ್ಲೇ. ಓಣಿಯ ಅರ್ಧ ಮಂದಿ ಕುಡಿಯುತ್ತಿದ್ದದ್ದೂ ಅದೇ ನೀರು. ಪಕ್ಕದಲ್ಲಿ ಗವಿಸಿದ್ದೇಶ ಮೂರಂತಸ್ತಿನ ಹೋಟೆಲು ಕಟ್ಟಿದ. ನೆಲದೊಳಗೆ ಪೈಪು ಹುಗಿದು ಹೊಲಸು ನೀರನ್ನೆಲ್ಲ ಅವಳ ಬದುವಿಗೆ ಬಿಟ್ಟ. ವರ್ಷದೊಳಗೆ ಬಾವಿ ನಾರಿತು. ಮೊದಲು ನೆರೆಮನೆಯ ಗೌಸಬೀ ಕೊಡ ಹೊತ್ತು ಬರುವುದನ್ನು ಬಿಟ್ಟಳು, ಆಮೇಲೆ ಎಲ್ಲರೂ.

ಹೋಟೆಲಿನ ಕೊಳಚೆಯನ್ನು ಹೋಟೆಲಿನವರೇ ಶುದ್ಧ ಮಾಡಬೇಕೆಂಬ ಕಾನೂನು ಗವಿಸಿದ್ದೇಶನಿಗೆ ಗೊತ್ತಿರಲಿಲ್ಲವೇ? ಚೆನ್ನಾಗಿ ಗೊತ್ತಿತ್ತು. ಅದಕ್ಕೇ ಹಿತ್ತಲಲ್ಲಿ ನೀಲಿ ಬಣ್ಣದ ಶುದ್ಧೀಕರಣ ಘಟಕ ಕೂರಿಸಿದ್ದ. ಕರೆಂಟು ಖರ್ಚಾಗುತ್ತದೆಂದು ಅದರ ಮೋಟಾರನ್ನು ಒಂದು ದಿನವೂ ಚಾಲೂ ಮಾಡಿರಲಿಲ್ಲ. ಹುಲಿಗವ್ವ ಪುರಸಭೆಗೆ ಅರ್ಜಿ ಕೊಟ್ಟಳು. ಪುರಸಭೆ ನೋಟಿಸು ಕೊಟ್ಟಿತು, ಅವನು ಉತ್ತರ ಬರೆದ, ಕಡತ ಮುಚ್ಚಿತು. ಆ ಉತ್ತರದ ಪ್ರತಿ ಅಂಚೆಯಲ್ಲಿ ಬಂದಾಗ ತಂಗಿಯ ಮಗಳು ಮೇಘಾ ಓದಿದಳು: ‘ನಮ್ಮ ಹೋಟೆಲಿನಿಂದ ಸದರಿ ಜಮೀನಿಗೆ ಯಾವುದೇ ಪೈಪು ಇರುವುದಿಲ್ಲ.’ ಕೆಳಗೆ ಸಹಿ, ಠಸ್ಸೆ.

“ಇನ್ನೊಮ್ಮೆ ಓದವಾ,” ಎಂದಳು ಹುಲಿಗವ್ವ. ಮೇಘಾ ಓದಿದಳು. ಮುದುಕಿಯ ಮುಖದಲ್ಲಿ ನಗು ಕಂಡು ಹುಡುಗಿಗೆ ಹೆದರಿಕೆಯೇ ಆಯಿತು.

ಹೋಟೆಲಿನಲ್ಲಿ ನಿಶ್ಚಿತಾರ್ಥದ ಊಟವಿದ್ದ ದಿನವನ್ನೇ ಅವಳು ಆರಿಸಿಕೊಂಡಳು. ಬೆಳಿಗ್ಗೆ ಗೋಣಿಚೀಲಕ್ಕೆ ಎರೆಮಣ್ಣು ತುಂಬಿ, ಪೈಪಿನ ಬಾಯಿಗೆ ಜಡಿದು, ಮೇಲೆ ಕಲ್ಲು ಹೇರಿ, ಬದುವಿನ ಮೇಲೆ ಕೂತು ಎಲೆಯಡಿಕೆ ಹಾಕಿಕೊಂಡಳು. ಮಧ್ಯಾಹ್ನ ಹೋಟೆಲಿನ ಮೋರಿಗಳು ಉಕ್ಕಿದವು. ಕಕ್ಕಸಿನ ನೀರು ಊಟದ ಸಾಲಿಗೇ ನುಗ್ಗಿತು. ಬೀಗರು ರೇಷ್ಮೆ ಸೀರೆ ಎತ್ತಿ ಹಿಡಿದು ರಸ್ತೆಗೆ ಓಡಿದರು. ಪಾಪ, ಅವರೇನು ಮಾಡಿದ್ದರು? ಆದರೆ ಹುಲಿಗವ್ವನಿಗೆ ಆ ದಿನ ಪಾಪಪುಣ್ಯದ ಗೊಡವೆ ಇರಲಿಲ್ಲ. ಬೀಗರಲ್ಲೇ ಯಾರೋ ಪುರಸಭೆಗೆ ಫೋನು ಮಾಡಿದರು.

ಗವಿಸಿದ್ದೇಶ ಸಲಿಕೆ ಹಿಡಿದು ಬದುವಿಗೆ ಓಡಿ ಬಂದ. ಅವನ ಹಿಂದೆಯೇ ಪುರಸಭೆಯ ಹೊಸ ಆರೋಗ್ಯ ನಿರೀಕ್ಷಕಿ ಕವಿತಾ ಬಂದಳು, ಕೈಯಲ್ಲಿ ಹಳೆಯ ಕಡತ.

“ಮೇಡಂ, ಈ ಮುದುಕಿ ಪೈಪು ಮುಚ್ಯಾಳ ನೋಡ್ರಿ!”

“ಯಾರ ಪೈಪ್ರಿ?” ಎಂದಳು ಕವಿತಾ. “ನಿಮ್ದು ಅಂದ್ರ, ಸುಳ್ಳು ಬರಕೊಟ್ಟಿದ್ದಕ್ಕ ಲೈಸೆನ್ಸ್ ರದ್ದು ಮಾಡ್ತೀನಿ. ನಿಮ್ದಲ್ಲ ಅಂದ್ರ, ಆಕಿ ತನ್ನ ಹೊಲದಾಗ ಮುಚ್ಯಾಳ, ನೀವ್ಯಾಕ ಅಗೀತೀರಿ? ಯಾವುದು ಬರೀಲಿ?”

ಗವಿಸಿದ್ದೇಶ ಅಡಕತ್ತರಿಯಲ್ಲಿ ಸಿಕ್ಕ ಅಡಿಕೆಯಾದ. “ನಂದಲ್ಲರಿ,” ಎಂದು ಗೊಣಗಿದ.

“ನನಗ ಕೇಳಸಲಿಲ್ಲಪಾ,” ಎಂದಳು ಹುಲಿಗವ್ವ. ಅವಳ ಕಿವಿ ಚುರುಕಾಗಿಯೇ ಇತ್ತು.

“ಪೈಪು ನಂದಲ್ಲ!” ಎಂದು ಕೂಗಿದ. ಕವಿತಾ ಬರೆದುಕೊಂಡು ಸಹಿ ಹಾಕಿಸಿದಳು; ಹುಲಿಗವ್ವನ ಅರ್ಜಿಯ ಕಡತವನ್ನು ಮತ್ತೆ ತೆರೆದು, ಘಟಕ ನಡೆಯುವ ತನಕ ಹೋಟೆಲು ತೆರೆಯಬಾರದೆಂದೂ ಬರೆದಳು. ಸಂಜೆಯೊಳಗೆ ಗೌಂಡಿ ಓಬಳೆಪ್ಪನನ್ನು ಕರೆಸಿ ಹುಲಿಗವ್ವ ಪೈಪಿಗೆ ಸಿಮೆಂಟು ಸುರಿಸಿದಳು. ಹೊಟ್ಟೆ ತಣ್ಣಗಾಯಿತು.

ತುಕ್ಕು ಹಿಡಿದ ಘಟಕ ಎರಡು ತಿಂಗಳಾದರೂ ಚಾಲೂ ಆಗಲಿಲ್ಲ. ಒಂದು ದಿನ ಗವಿಸಿದ್ದೇಶ ಅವಳ ಅಂಗಳಕ್ಕೆ ಬಂದು ತಲೆ ತಗ್ಗಿಸಿ ನಿಂತ.

“ತಪ್ಪಾತಬೇ ಯವ್ವಾ. ಹೋಟೆಲ್ ಮುಳುಗಾಕ ಹತ್ತೇತಿ. ನಿನ್ನ ಅರ್ಜಿ ಹಿಂದ ತಗೋ, ಬಾವಿ ತಳದತನಕಾ ತೊಳಸಿ ಕೊಡ್ತೀನಿ. ಮತ್ತೇನ್ ಬೇಕು ಹೇಳು.”

ಬಾವಿಯ ಮಾತು ಬಂದೊಡನೆ ಅವಳ ಜೀವ ಹೊಯ್ದಾಡಿತು. ಅವಳಿಗೆ ಬೇಕಾಗಿದ್ದದ್ದು ಅದೇ ತಾನೆ? ಆದರೆ ಆ ಬಾಗಿದ ತಲೆಯನ್ನು ನೋಡುವ ಸುಖ ಬಾವಿಗಿಂತ ದೊಡ್ಡದಾಗಿತ್ತು.

“ಏನೂ ಬ್ಯಾಡಪಾ,” ಎಂದಳು. “ಹಿಂಗ ದಿನಾ ಬಂದು ಕೇಳ್ತಿರು.”