ಉಪ್ಪು ನೋಡುವ ವಿನಾಯಿತಿ

ರೋಜಾ ಇರುವಾಗ ಅಡುಗೆಯ ರುಚಿ ನೋಡಬಾರದು. ಆದರೆ ಗಂಡ ಸಿಟ್ಟಿನವನಾಗಿದ್ದು, ಉಪ್ಪು ಹೆಚ್ಚುಕಮ್ಮಿಯಾದರೆ ಮನೆಯನ್ನೇ ರಣರಂಗ ಮಾಡುವವನಾಗಿದ್ದರೆ, ಹೆಂಡತಿಯಾದವಳು ಸಾರಿನ ಒಂದು ಹನಿಯನ್ನು ನಾಲಿಗೆಯ ತುದಿಗೆ ಮುಟ್ಟಿಸಿ, ಗಂಟಲಿಗೆ ಇಳಿಯುವ ಮೊದಲೇ ಉಗುಳಿಬಿಡಬಹುದು. ಉಪವಾಸ ಮುರಿಯುವುದಿಲ್ಲ. ಹೀಗೊಂದು ವಿನಾಯಿತಿ ಇದೆಯೆಂದು ದಿಲ್‌ಶಾದ್‌ಗೆ ಹೇಳಿಕೊಟ್ಟವರು ಅವಳ ಅತ್ತೆ. ಮದುವೆಯಾದ ಮೊದಲ ರಂಜಾನಿನಲ್ಲಿ, ಮದ್ದೂರಿನ ಅಡುಗೆಮನೆಯಲ್ಲಿ, ಮಗನ ಚಪ್ಪಲಿ ಬಾಗಿಲಲ್ಲಿದೆಯೇ ಎಂದು ಒಮ್ಮೆ ಬಗ್ಗಿ ನೋಡಿಕೊಂಡು ಹೇಳಿದ್ದರು. ಆ ಬಗ್ಗಿ ನೋಡಿದ್ದರಲ್ಲೇ ದಿಲ್‌ಶಾದ್‌ಗೆ ಮುಂದಿನದೆಲ್ಲ ಅರ್ಥವಾಗಬೇಕಿತ್ತು. ಆಗಲಿಲ್ಲ.

ಗಂಡ ಖಾದರ್‌ಗೆ ಈ ವಿನಾಯಿತಿ ಗೊತ್ತಿತ್ತು, ಅದರ ಹೆಸರೆತ್ತಿದರೆ ಆಗುತ್ತಿರಲಿಲ್ಲ. ಅಮೆರಿಕಕ್ಕೆ ಬಂದ ವರ್ಷವೇ ಅವಳ ಕೈಯಿಂದ ಚಮಚ ಇಸಿದುಕೊಂಡು, "ನೀನು ರುಚಿ ನೋಡಿದ್ರೆ ಏನರ್ಥ? ನಾನು ಸಿಟ್ಟಿನವನು ಅಂತ ದೇವರ ಮುಂದೆ ಸಾಕ್ಷಿ ಹೇಳ್ದಂಗೆ," ಎಂದಿದ್ದ. ಅಲ್ಲಿಗೆ ಮುಗಿಯಿತು. ರುಚಿ ನೋಡುವಂತಿಲ್ಲ, ಉಪ್ಪು ತಪ್ಪುವಂತೆಯೂ ಇಲ್ಲ. ನಿಜವಾಗಿ ಸಿಟ್ಟಿನವನಲ್ಲದವನ ತಲೆಗೆ ಇಂಥ ಇಕ್ಕಳ ಹೊಳೆಯುವುದೇ ಇಲ್ಲ.

ಅವನು ಕೂಗಾಡುವವನಲ್ಲ. ಕೈ ಎತ್ತಿದವನೂ ಅಲ್ಲ. ಇದನ್ನು ಅವನೇ ಆಗಾಗ ನೆನಪಿಸುತ್ತಿದ್ದ, ಅದಕ್ಕೊಂದು ಬಹುಮಾನ ಬರಬೇಕೆನ್ನುವ ಹಾಗೆ. ಅವನ ಸಿಟ್ಟು ಓವನ್ನಿನ ಶಾಖದಂಥದ್ದು, ಬಾಗಿಲು ಮುಚ್ಚಿಕೊಂಡು ನಿಧಾನವಾಗಿ ಬೇಯಿಸುವಂಥದ್ದು. ಒಂದು ಈದ್ ದಿನ ಖೀಮಾ ಉಪ್ಪಾಗಿತ್ತು. ಬಂದವರ ಮುಂದೆ, ನಮ್ಮನೆಯವರ ತವರು ಸಮುದ್ರದ ಪಕ್ಕ ಎಂದು ನಗಿಸಿದ. ಅವಳ ತವರು ತಿಪಟೂರು. ಎಲ್ಲರೂ ಹೋದ ಮೇಲೆ ಉಳಿದ ಖೀಮಾದ ಬಾಣಲೆಯನ್ನು ಅವಳ ಮುಂದಿಟ್ಟು, ಎದುರು ಕುರ್ಚಿಯಲ್ಲಿ ಫೋನು ನೋಡುತ್ತಾ, ಅವಳು ಅಷ್ಟನ್ನೂ ತಿಂದು ಮುಗಿಸುವವರೆಗೆ ಕೂತಿದ್ದ. ಮಗಳು ದಾನಿಯಾ ಆಗ ಇನ್ನೂ ಸಣ್ಣವಳು, ಮೆಟ್ಟಿಲ ಮೇಲಿನಿಂದ ನೋಡಿದ್ದಳು.

ಅಂದಿನಿಂದ ತಾಯಿ ಮಗಳು ಒಂದು ಉಪಾಯ ಮಾಡಿಕೊಂಡಿದ್ದರು. ಹೆಂಗಸರಿಗೆ ತಿಂಗಳ ಆ ದಿನಗಳಲ್ಲಿ ಉಪವಾಸದಿಂದ ರಜೆ. ರಜೆ ಇದ್ದವಳು ಕದ್ದು ರುಚಿ ನೋಡಿ ಕಣ್ಣಲ್ಲೇ ಹೇಳುವುದು. ದಿಲ್‌ಶಾದ್‌ಗೆ ಆ ರಜೆಗಳೆಲ್ಲ ಮುಗಿದುಹೋಗಿದ್ದವು. ದಾನಿಯಾಳ ರಜೆ ಈ ಸಲ ರಂಜಾನಿನ ಮೊದಲ ವಾರದಲ್ಲೇ ತೀರಿತ್ತು. ಅತಿಥಿಗಳು ಬರುವುದು ಎರಡನೆಯ ಶನಿವಾರ.

ಅತಿಥಿಗಳೆಂದರೆ ಸಾಮಾನ್ಯದವರಲ್ಲ, ಬೀಗರಾಗಬೇಕಾದವರು. ಮಿಷಿಗನ್‌ನ ಸೌತ್‌ಫೀಲ್ಡ್‌ನಲ್ಲಿ ಐಟಿ ಕೆಲಸದಲ್ಲಿರುವ ಕಲೀಮ್, ಅವನ ಹೆಂಡತಿ ನೌಶೀನ್, ಮಗ ಅರ್ಸಲಾನ್. ಮೂಲ ಗದಗದವರು. ಹುಡುಗ ಹುಡುಗಿ ಒಂದು ವರ್ಷದಿಂದ ಪರಿಚಯದವರು, ಒಪ್ಪಿಕೊಂಡವರು. ದೊಡ್ಡವರ ಮಾತೊಂದು ಬಾಕಿಯಿತ್ತು. ದಾನಿಯಾ ಅವನ ಬಗ್ಗೆ ಹೇಳಿದ್ದು ಒಂದೇ, ಅದೂ ಇಂಗ್ಲಿಷಿನಲ್ಲಿ: ಅವನ ಮುಂದೆ ನನಗೆ ಹೆದರಿಕೆ ಆಗೋದಿಲ್ಲ, ಅಮ್ಮಿ. ಈ ಮಾತು ಕೇಳಿ ದಿಲ್‌ಶಾದ್ ಬಾತ್‌ರೂಮಿಗೆ ಹೋಗಿ ಅತ್ತಿದ್ದಳು. ಅವಳಿಗೆ ಬೇರೇನೂ ಬೇಕಿರಲಿಲ್ಲ. ಮಗಳು ಇಂಥದ್ದೇ ಇನ್ನೊಂದು ಮನೆಗೆ ಹೋಗಿ ಬೀಳಬಾರದು, ಅಷ್ಟೇ.

ಊಟಕ್ಕೆ ಏನೆಂದು ಖಾದರ್ ನಿರ್ಧರಿಸಿದ. ಬಿರಿಯಾನಿ ಎಲ್ಲರೂ ಹಾಕುತ್ತಾರೆ, ಹುಡುಗ ಇಲ್ಲೇ ಹುಟ್ಟಿದವನು, ಪಾಟ್ ರೋಸ್ಟ್ ಆಗಲಿ ಎಂದ. ಅವರಿದ್ದ ಡೆಸ್ ಪ್ಲೇನ್ಸ್‌ನಲ್ಲೇ ಅವನದೊಂದು ಸಣ್ಣ ಟ್ರಕ್ ಕಂಪನಿ, ವಿಮಾನ ನಿಲ್ದಾಣದ ಸರಕು ಸಾಗಿಸುವುದು. ಯಾವುದೋ ಗಿರಾಕಿಯ ಮನೆಯಲ್ಲಿ ಈ ಪಾಟ್ ರೋಸ್ಟ್ ತಿಂದು ಬಂದಿದ್ದ. ಊರಿನಲ್ಲಿ 'ದೊಡ್ಡದು' ಎಂದು ದನಿ ತಗ್ಗಿಸಿ ಹೇಳುವ ದನದ ಮಾಂಸವನ್ನು ಇಲ್ಲಿ ಹಲಾಲ್ ಅಂಗಡಿಯವನು ದಾರ ಸುತ್ತಿ, ಉಡುಗೊರೆಯ ಹಾಗೆ ಕಾಗದದಲ್ಲಿ ಕಟ್ಟಿಕೊಡುತ್ತಾನೆ.

ದಿಲ್‌ಶಾದ್ ಹಿಂದಿನ ದಿನವೇ ಅದಕ್ಕೆ ಉಪ್ಪು, ಮೆಣಸು ತಿಕ್ಕಿಟ್ಟಿದ್ದಳು. ಶನಿವಾರ ಬೆಳಿಗ್ಗೆ ದಪ್ಪ ತಳದ ಪಾತ್ರೆಯಲ್ಲಿ ನಾಲ್ಕೂ ಕಡೆ ಕೆಂಪಗೆ ಬಾಡಿಸಿ, ಈರುಳ್ಳಿ ಹಾಸಿ, ಮುಚ್ಚಳ ಬಿಗಿದು, ಇನ್ನೂರ ಎಪ್ಪತ್ತೈದು ಡಿಗ್ರಿ ಫ್ಯಾರನ್‌ಹೀಟ್‌ಗೆ ಓವನ್ನಿನೊಳಗಿಟ್ಟಳು. ಮಧ್ಯಾಹ್ನದ ಮೇಲೆ ಕ್ಯಾರೆಟ್, ಆಲೂಗಡ್ಡೆ, ಸೆಲರಿ. ಸಂಜೆಯ ಹೊತ್ತಿಗೆ ಫೋರ್ಕ್ ತಾಗಿಸಿದರೆ ಮಾಂಸ ಎಳೆಎಳೆಯಾಗಿ ಬಿಚ್ಚುತ್ತಿತ್ತು. ಹೊಟ್ಟೆ ಖಾಲಿ, ಮನೆಯೆಲ್ಲ ಘಮ. ಇನ್ನು ಉಳಿದದ್ದು ಹುಳಿ ಸಾಸು: ತಳದಲ್ಲಿ ಇಳಿದ ರಸ, ಹುಣಸೆಹಣ್ಣು, ಬೆಲ್ಲ, ಕುಟ್ಟಿದ ಕಾಳುಮೆಣಸು. ಇದರಲ್ಲೇ ಇದ್ದದ್ದು ಅಪಾಯ. ರಸಕ್ಕೆ ಮಾಂಸದ ಉಪ್ಪು ಆಗಲೇ ಇಳಿದಿರುತ್ತದೆ, ಬತ್ತಿದಷ್ಟೂ ಉಪ್ಪು ಏರುತ್ತದೆ, ಎಷ್ಟು ಏರಿತೆಂದು ಕಣ್ಣು ಹೇಳುವುದಿಲ್ಲ. ಅವಳು ಒಲೆಯ ಮುಂದೆ ಚಮಚ ಹಿಡಿದು ನಿಂತಿದ್ದಾಗಲೇ ಕಾರು ಬಂದು ನಿಂತಿತು.

ಎರಡೂ ಮನೆಯವರ ಮನೆಮಾತು ಉರ್ದುವೇ. ಆದರೆ ಅವರ ಉರ್ದು ಕೇಳಿದರೆ ಇವರಿಗೆ ನಗು, ಇವರದು ಕೇಳಿದರೆ ಅವರಿಗೆ ನಗು. ಹಾಗಾಗಿ ಮಾನ ಉಳಿಸಿಕೊಳ್ಳಲು ಎಲ್ಲರೂ ಕನ್ನಡಕ್ಕೆ ಇಳಿದರು. ಗಂಡಸರು ಹಾಲ್‌ನಲ್ಲಿ ಕೂತರು. ದಾನಿಯಾ ಖರ್ಜೂರದ ತಟ್ಟೆ ಜೋಡಿಸುತ್ತಿದ್ದಳು. ನೌಶೀನ್ ಕೋಟು ತೆಗೆದವಳೇ ನೆಟ್ಟಗೆ ಅಡುಗೆಮನೆಗೆ ಬಂದಳು. ದುಂಡು ಮುಖದ, ಮಾತಿನ ಮಲ್ಲಿ. ಇಂಡಿಯಾನಾದ ಹತ್ತಿರ ರಸ್ತೆ ಅಗೆದಿಟ್ಟದ್ದನ್ನು ವರ್ಣಿಸುತ್ತಾ ಒಲೆಯ ಬಳಿ ಬಂದು, ಚಮಚ ತೆಗೆದುಕೊಂಡು, ಸಾಸಿನ ಒಂದು ಹನಿಯನ್ನು ನಾಲಿಗೆಯ ತುದಿಗೆ ಮುಟ್ಟಿಸಿ, ಸಿಂಕಿನಲ್ಲಿ ಉಗುಳಿ, ನಲ್ಲಿ ತಿರುಗಿಸಿ ಬಾಯಿ ಮುಕ್ಕಳಿಸಿದಳು. ಮಾತು ಅಷ್ಟರ ಮಟ್ಟಿಗೆ ಮಾತ್ರ ನಿಂತಿತ್ತು.

"ಚಲೋ ಐತ್ರಿ ಅಕ್ಕಾರ. ಇನ್ನ ಒಂದ್ ಹರಳೂ ಹಾಕಬ್ಯಾಡ್ರಿ," ಎಂದು ಹೇಳಿ, ದಾನಿಯಾಳಿಗೆ ತಟ್ಟೆ ಜೋಡಿಸಲು ನೆರವಾಗಲು ಹೊರಟುಹೋದಳು.

ದಿಲ್‌ಶಾದ್ ಒಲೆ ಸಣ್ಣಗೆ ಮಾಡಿದಳು. ಎಷ್ಟು ಸಲೀಸಾಗಿ ಮಾಡಿದಳು! ಇದು ಒಂದೆರಡು ವರ್ಷದ ಅಭ್ಯಾಸವಲ್ಲ. ಈ ವಿನಾಯಿತಿ ಯಾರಿಗೆಂದು ಅವಳಿಗೆ ಗೊತ್ತಿಲ್ಲವೇ? ಬಾಗಿಲಿನಿಂದ ಇಣುಕಿ ನೋಡಿದಳು. ಕಲೀಮ್ ಏನೋ ಹೇಳಿ ನಗುತ್ತಿದ್ದ. ನಗಲಿ, ಖಾದರ್ ಕೂಡ ನಗುತ್ತಿದ್ದ. ಅರ್ಸಲಾನ್ ತಂದೆಯ ಪಕ್ಕದಲ್ಲಿ ತಂದೆಯ ಹಾಗೇ ಕಾಲು ಮಡಿಸಿ ಕೂತಿದ್ದ. ಅವನ ಮುಂದೆ ಹೆದರಿಕೆಯಾಗುವುದಿಲ್ಲವಂತೆ. ಮದ್ದೂರಿಗೆ ಬರುವ ಮೊದಲು ತನಗೂ ಆಗುತ್ತಿರಲಿಲ್ಲ.

ಕೇಳಬಹುದಿತ್ತು. ಅಕ್ಕ, ನೀವ್ಯಾಕೆ ರುಚಿ ನೋಡಿದಿರಿ ಎಂದು ಒಂದು ಮಾತು ಕೇಳಿದ್ದರೆ ಎಲ್ಲ ಅಲ್ಲಿಗೇ ಮುಗಿಯುತ್ತಿತ್ತು. ಆದರೆ ಇಷ್ಟು ವರ್ಷ ಆ ಮನೆಯಲ್ಲಿ ಬಾಳಿದವಳಿಗೆ ಕೇಳುವ ಅಭ್ಯಾಸವೇ ಹೋಗಿತ್ತು. ಗಂಡಸನ್ನು ಅಳೆಯಲು ಅವಳಿಗೆ ತಿಳಿದಿದ್ದದ್ದು ಒಂದೇ ದಾರಿ. ಉಪ್ಪಿನ ಡಬ್ಬಿ ತೆರೆದು, ಮುಷ್ಟಿ ತುಂಬ ತೆಗೆದು ಸಾಸಿಗೆ ಹಾಕಿ ಕಲಕಿದಳು. ಖಾದರ್ ಅತಿಥಿಗಳ ಮುಂದೆ ನಗೆಚಾಟಿಕೆಯಲ್ಲಿ ಮುಗಿಸುತ್ತಾನೆ, ಉಳಿದದ್ದು ಅವರು ಹೋದ ಮೇಲೆ. ಅದನ್ನು ನಾನು ತಿಂದುಕೊಳ್ಳುತ್ತೇನೆ, ಹಿಂದೆಯೂ ತಿಂದಿದ್ದೇನೆ ಎಂದುಕೊಂಡಳು.

ಸೂರ್ಯ ಮುಳುಗಿದ. ಖರ್ಜೂರ, ನೀರು, ನಮಾಜು ಮುಗಿಸಿ ಎಲ್ಲರೂ ಮೇಜಿಗೆ ಬಂದರು. ಮಾಂಸದ ಹೋಳುಗಳ ಮೇಲೆ ಸಾಸು ಸುರಿದು ದಿಲ್‌ಶಾದ್ ತಾನೇ ಬಡಿಸಿದಳು. ಉಳಿದ ಸಾಸು ಜಗ್ಗಿನಲ್ಲಿ ಮೇಜಿನ ನಡುವೆ ಇತ್ತು.

ಕಲೀಮ್ ಮೊದಲ ತುತ್ತು ಬಾಯಿಗಿಟ್ಟ. ಅವನ ದವಡೆ ಒಂದು ಗಳಿಗೆ ನಿಂತಿತು. ನೀರು ಕುಡಿದ, ಮತ್ತೆ ತಿನ್ನತೊಡಗಿದ. ಹೆಂಡತಿಯ ಕಡೆ ತಿರುಗಿಯೂ ನೋಡಲಿಲ್ಲ. ಅರ್ಸಲಾನ್ ಸಾಸನ್ನು ಸದ್ದಿಲ್ಲದೆ ಆಲೂಗಡ್ಡೆಗೆ ಒರೆಸಿ, ಮಾಂಸ ಬೆಣ್ಣೆಯ ಹಾಗಿದೆ ಆಂಟಿ ಎಂದ. ದಿಲ್‌ಶಾದ್ ತಟ್ಟೆಯ ಮೇಲೆ ತಲೆ ಬಗ್ಗಿಸಿದಳು. ಅವಳಿಗೆ ಎದ್ದು ಕುಣಿಯಬೇಕೆನಿಸಿತು. ಇಂಥ ಗಂಡಸರೂ ಇದ್ದಾರೆ, ಇಂಥದ್ದೊಂದು ಮೇಜೂ ಇದೆ, ನನ್ನ ಮಗಳು ಅಲ್ಲಿ ಕೂತು ಉಣ್ಣುತ್ತಾಳೆ.

ಅಷ್ಟರಲ್ಲಿ ಖಾದರ್ ತಿಂದ. ಫೋರ್ಕ್ ಕೆಳಗಿಟ್ಟು ಮುಗುಳ್ನಕ್ಕು, ಸಮುದ್ರದ ಪಕ್ಕದ ತವರಿನ ಹಳೆಯ ಮಾತನ್ನೇ ಹೇಳಿದ. ಯಾರೂ ನಗಲಿಲ್ಲ. ಪರವಾಗಿಲ್ಲ ಅಂಕಲ್, ಚೆನ್ನಾಗಿದೆ ಎಂದು ಅರ್ಸಲಾನ್ ಜಗ್ಗಿಗೆ ಕೈಚಾಚಿದ, ಪಾಪ, ಇನ್ನಷ್ಟು ಬಡಿಸಿಕೊಂಡು ತೋರಿಸಲು. ಅದನ್ನು ಖಾದರ್‌ಗೆ ತಡೆದುಕೊಳ್ಳಲಾಗಲಿಲ್ಲ. ಹುಡುಗನಿಗಿಂತ ಮೊದಲೇ ಜಗ್ಗನ್ನು ಎತ್ತಿಕೊಂಡು, ಎದ್ದು ಬಂದು, ಹೆಂಡತಿಯ ತಟ್ಟೆಗೆ ಸುರಿಯತೊಡಗಿದ. ನಿಧಾನವಾಗಿ, ನಗುತ್ತಲೇ. ತಟ್ಟೆ ತುಂಬಿತು, ಮೇಜಿನ ಬಟ್ಟೆಯ ಮೇಲೆ ಹರಿಯಿತು, ಅವಳ ಮಡಿಲಿಗೆ ತೊಟ್ಟಿಕ್ಕಿತು. ಅವನು ನಿಲ್ಲಿಸಲಿಲ್ಲ.

"ತಿನ್ನು. ಅವ್ರೆಲ್ಲ ಮರ್ಯಾದಸ್ಥರು, ನೀನು ವಿಷ ಕೊಟ್ರೂ ಕುಡೀತಾರೆ. ಮಾಡಿದವಳು ನೀನು, ನೀನು ತಿನ್ನು," ಎಂದ.

ದಾನಿಯಾ ಕಣ್ಣು ಮುಚ್ಚಿಕೊಂಡಿದ್ದಳು. ನೌಶೀನ್ ಬಿಳಿಚಿಕೊಂಡಿದ್ದಳು. ತಪ್ಪು ನನ್ನದು, ಸಂಜೆ ನಾನೇ ನಾಲಿಗೆಗೆ ಮುಟ್ಟಿಸಿ ನೋಡಿದ್ದೆ, ಆಗ ಸರಿಯಾಗಿಯೇ ಇತ್ತು ಎಂದು ತೊದಲಿದಳು. ಖಾದರ್ ಜೋರಾಗಿ ನಕ್ಕು ಕಲೀಮನ ಕಡೆ ತಿರುಗಿದ. ರೋಜಾದಲ್ಲಿ ರುಚಿ ನೋಡುತ್ತಾರೆಂದರೆ ಏನು ಭಾಯಿ, ನೀವು ಅಷ್ಟೊಂದು ಸಿಟ್ಟಿನವರಾ ಎಂದು ಕೇಳಿದ.

ಕಲೀಮ್ ಕೈ ಒರೆಸಿಕೊಂಡ. "ನಾ ಅಲ್ರಿ. ನಮ್ಮ ಮಾವ, ಇಕಿ ಅಪ್ಪ, ಹಂಗ ಇದ್ದ. ಅಂವ ಮಣ್ಣಾಗಿ ಎಷ್ಟೋ ವರ್ಷ ಆತು. ಇಕಿ ಇನ್ನೂ ಅಂಜತಾಳ."

ನೌಶೀನ್ ಮಾತ್ರ ಗಂಡನ ಮಾತು ಕೇಳಿಸಿಕೊಂಡಂತೆ ಕಾಣಲಿಲ್ಲ. ಅವಳು ದಿಲ್‌ಶಾದ್‌ಳ ಒದ್ದೆ ಮಡಿಲನ್ನೇ ನೋಡುತ್ತಿದ್ದಳು. ಎಲ್ಲರಿಗೂ ಕೇಳುವಂತೆ, ಆದರೆ ಒಂದಿಷ್ಟೂ ದನಿ ಏರಿಸದೆ ಹೇಳಿದಳು: "ನೀವ ನೋಡಬಹುದಿತ್ತಲ್ರಿ ಅಕ್ಕಾರ. ಆ ಸವಲತ್ತು ಇಟ್ಟದ್ದ ನಿಮ್ಮಂಥಾಕಿಗೆ."

ಮೇಜಿನ ಸುತ್ತ ಎಲ್ಲರಿಗೂ ಆ ಮಾತಿನ ಅರ್ಥ ಗೊತ್ತಿತ್ತು. ಖಾದರ್ ಖಾಲಿ ಜಗ್ಗನ್ನು ಹಿಡಿದುಕೊಂಡೇ ನಿಂತಿದ್ದ. ಅತಿಥಿಗಳು ಚಹಾ ಕುಡಿಯಲಿಲ್ಲ. ರಾತ್ರಿ ಉಳಿಯುವವರಿದ್ದರು, ಉಳಿಯಲಿಲ್ಲ.

ಮರುದಿನ ಬೆಳಿಗ್ಗೆ ನೌಶೀನ್ ಫೋನು ಮಾಡಿದಳು. ಹುಡುಗಿ ಚಿನ್ನದಂಥವಳು, ಮಗನಿಗೆ ನಾನೇ ಕೈಮುಗಿದು ಈ ಸಂಬಂಧ ಬೇಡ ಎಂದು ಹೇಳಿದ್ದೇನೆ, ನಮ್ಮ ಅರ್ಸಲಾನ್ ತಾಯಿಯ ಮಾತು ಮೀರುವವನಲ್ಲ, ರಾತ್ರಿಯೆಲ್ಲ ಕಾರಿನಲ್ಲಿ ಮಾತಿಲ್ಲದೆ ಡ್ರೈವ್ ಮಾಡಿದ ಎಂದಳು. "ಇನ್ನೊಮ್ಮೆ ಅಂಥಾ ಊಟಕ್ಕ ಕೂಡೂದು ನನ್ನ ಕಡೆ ಆಗೂದಿಲ್ರಿ ಅಕ್ಕಾರ. ಬೀಗತನ ಅಂದ್ರ ಜೀವ ಇರೂತನಕ ಕೂಡಬೇಕಲ್ರಿ. ಹುಟ್ಟಿದಾಗಿಂದ ಕುಂತೇನಿ, ಸಾಕಾಗೇತಿ." ಫೋನು ಇಡುವ ಮುಂಚೆ, ನಾ ಉಗುಳಿದಾಗ ಉಪ್ಪು ಸರಿ ಇತ್ತು ಎಂಬುದನ್ನು ಮಗನಿಗೂ ಹೇಳಿದ್ದೇನೆ ಎಂದಳು. ಅದನ್ನೇಕೆ ಹೇಳಿದಳೋ, ದಿಲ್‌ಶಾದ್‌ಗೆ ತಕ್ಷಣ ತಿಳಿಯಲಿಲ್ಲ.

ತಿಳಿದದ್ದು ದಾನಿಯಾ ಬ್ಯಾಗು ಹಿಡಿದು ಕೆಳಗೆ ಬಂದಾಗ. ಅರ್ಸಲಾನ್ ಅವಳಿಗೆ ಎಲ್ಲ ಬರೆದಿದ್ದ. ನೌಶೀನ್ ಆಂಟಿ ರುಚಿ ನೋಡಿದ ಮೇಲೆ ಉಪ್ಪು ಹಾಕಿದ್ದು ನೀನಾ ಎಂದು ಕೇಳಿದಳು. ದಿಲ್‌ಶಾದ್ ಹೌದೆಂದಳು. ಅವರು ಎಂಥವರೆಂದು ನೋಡಬೇಕಿತ್ತು, ನಿನಗೋಸ್ಕರ ಎಂದಳು. ಮಗಳು ಅತ್ತಿದ್ದರೆ ಚೆನ್ನಾಗಿತ್ತು. ಅವಳು ಅಪ್ಪನ ಹಾಗೆ ಮುಗುಳ್ನಕ್ಕಳು.

"ನೋಡಿದೆಯಲ್ಲ, ಒಳ್ಳೆಯವರು," ಎಂದಳು ಇಂಗ್ಲಿಷಿನಲ್ಲಿ. "ಅಬ್ಬಾ ನಿನ್ನ ತಟ್ಟೆಗೆ ಸುರಿದರು. ನೀನು ನನ್ನ ತಟ್ಟೆಗೆ ಸುರಿದೆ."

ಅರೋರಾದಲ್ಲಿರುವ ಗೆಳತಿ ಅನಿಕಾಳ ಮನೆಗೆ ಹೋಗುವುದಾಗಿ ಹೇಳಿ ಬಾಗಿಲೆಳೆದುಕೊಂಡಳು. ಯಾವಾಗ ಬರುತ್ತೇನೆಂದು ಹೇಳಲಿಲ್ಲ. ದಿಲ್‌ಶಾದ್ ಕಿಟಕಿಯವರೆಗೂ ಹೋಗಲಿಲ್ಲ. ಯಾವ ಮುಖ ಇಟ್ಟುಕೊಂಡು ಹೋಗುವುದು?

ಮಧ್ಯಾಹ್ನ ಖಾದರ್ ಕೆಳಗೆ ಬಂದ. ಮಗಳ ಬಗ್ಗೆ ಕೇಳಲಿಲ್ಲ. ನಿನ್ನೆಯ ಮಾಂಸ ಅಷ್ಟೂ ಇದೆಯಲ್ಲ, ಇಫ್ತಾರಿಗೆ ಅದನ್ನೇ ಬಿಸಿ ಮಾಡು, ಯಾರು ತಿನ್ನಬೇಕೆಂದು ಗೊತ್ತಿದೆಯಲ್ಲ ಎಂದು ಹೇಳಿ ಸೋಫಾದಲ್ಲಿ ಕೂತು ಫೋನು ತೆಗೆದ.

ದಿಲ್‌ಶಾದ್ ಮಾಂಸವನ್ನು ಪಾತ್ರೆಗೆ ಹಾಕಿ, ನೀರು ಸುರಿದು, ಉಪ್ಪು ಹೀರಲೆಂದು ಹಸಿ ಆಲೂಗಡ್ಡೆ ಹೆಚ್ಚಿ ಹಾಕಿದಳು. ಕುದಿ ಬಂದ ಮೇಲೆ, ಇಫ್ತಾರಿಗೆ ಇನ್ನೂ ಹೊತ್ತಿರುವಾಗಲೇ, ಚಮಚ ತೆಗೆದುಕೊಂಡು, ಅಷ್ಟು ವರ್ಷಗಳಲ್ಲಿ ಮೊದಲ ಸಲ ತಾನಾಗಿ ಅವನನ್ನು ಅಡುಗೆಮನೆಗೆ ಕರೆದಳು.

"ರೀ, ಒಂದ್ನಿಮಿಷ ಇಲ್ಲಿ ಬನ್ನಿ."

ಅವನು ಬಂದು ಬಾಗಿಲಲ್ಲಿ ನಿಂತ. ಅವಳು ಅವನ ಮುಖವನ್ನೇ ನೋಡುತ್ತಾ ಚಮಚವನ್ನು ನಾಲಿಗೆಯ ತುದಿಗೆ ಮುಟ್ಟಿಸಿ, ಸಿಂಕಿನಲ್ಲಿ ಉಗುಳಿದಳು. ನಲ್ಲಿ ತಿರುಗಿಸಿ ಬಾಯಿ ಮುಕ್ಕಳಿಸಿದಳು. ಉಪ್ಪು ಇನ್ನೂ ಜಾಸ್ತಿಯೇ ಇತ್ತು.