ಶಂಕರನಾರಾಯಣರ ನೀಲಿ ದೀಪ

“ಇನ್ನೂ ಎತ್ತಿ ಹುಯ್ಯೇ, ತಂಬಿಗೆ ಅವಳ ಕೈಗೆ ತಾಗೀತು.”

ಶಂಕರನಾರಾಯಣರು ಜಗಲಿಯಿಂದಲೇ ಗದರಿದರು. ಅವರ ಹೆಂಡತಿ ವಿಶಾಲಮ್ಮ ತಂಬಿಗೆಯನ್ನು ಹೆಗಲೆತ್ತರಕ್ಕೆ ಎತ್ತಿದರು. ಬೊಗಸೆಗೆ ಬಿದ್ದದ್ದಕ್ಕಿಂತ ನನ್ನ ಮೂಗಿಗೆ ಹೋದ ನೀರೇ ಹೆಚ್ಚು. ಊರಂಚಿನ ರಾಗಿಗುಡ್ಡದಿಂದ ಪೇಟೆಯೊಳಗಿನ ದುರ್ಗಿಗುಡಿ ಬೀದಿಗೆ ಬಂದು ಈ ಮನೆಯ ಪಾತ್ರೆ ತಿಕ್ಕುವವಳು ನಾನು. ನಾನು ತೊಳೆದ ಲೋಟದಲ್ಲಿ ಇವರು ಕುಡಿಯಬಹುದು, ಅದೇ ಲೋಟಕ್ಕೆ ನಾನು ತುಟಿ ಹಚ್ಚಬಾರದು. ಇದೆಂಥ ಕರ್ಮವೋ! ನನಗಿದ್ದದ್ದು ಒಂದೇ ಹಟ: ಈ ಮನೆಯಲ್ಲಿ ಒಂದು ಸಲವಾದರೂ ಲೋಟ ಕಚ್ಚಿ ನೀರು ಕುಡಿಯಬೇಕು.

ಅವತ್ತು ಭದ್ರಾವತಿಯ ನ್ಯೂ ಟೌನಿನಿಂದ ಲೋಹಿತ್ ಎಂಬ ಹುಡುಗ ಬಂದು ನೀರು ಶುದ್ಧ ಮಾಡುವ ಯುವಿ ಫಿಲ್ಟರ್ ಕೂರಿಸಿದ. ಅಡುಗೆಮನೆಯಲ್ಲಿಟ್ಟರೆ ಯಾರಿಗೆ ಕಾಣುತ್ತದೆ ಅಂತ ಯಜಮಾನರು ಹಜಾರದಲ್ಲೇ ಇಡಿಸಿ, ಅಕ್ಕಪಕ್ಕದವರನ್ನೆಲ್ಲ ಕರೆದು, ಹೊಸ ಸೊಸೆಯ ಹಾಗೆ ತೋರಿಸಿದರು. ಮುಟ್ಟಿದರೆ ಹಲ್ಲುದುರಿಸುತ್ತೇನೆ ಅಂತ ನನಗೆ ಮೊದಲೇ ಹೇಳಿಯಾಗಿತ್ತು.

“ಕಣ್ಣಿಗೆ ಕಾಣದ್ದೆಲ್ಲ ಖತಂ ಸಾರ್,” ಅಂದ ಲೋಹಿತ್. “ಒಳಗಿರೋ ಈ ನೀಲಿ ದೀಪದ ಬೆಳಕು ಬಿದ್ರೆ ಕ್ರಿಮಿಗೆ ಮರಿ ಹಾಕೋ ಶಕ್ತಿನೇ ಹೋಗುತ್ತೆ, ಅಲ್ಲಿಗೆ ನಿರ್ವಂಶ. ನೀರು ತಿಳಿಯಾಗಿರ್ಬೇಕು ಅಷ್ಟೇ. ಕದಡಿದ್ರೆ ಮಣ್ಣಿನ ಮರೇಲಿ ಅಡಗಿ ಬಚಾವಾಗ್ತವೆ.”

ದಾರಿಗೆಂದು ನನ್ನ ಮನೆಯ ನಲ್ಲಿಯಿಂದ ತುಂಬಿ ತಂದಿದ್ದ ಬಾಟಲಿಯನ್ನು ಚೀಲದಿಂದ ತೆಗೆದೆ. ತಿಳಿನೀರೇ. ಫಿಲ್ಟರಿನ ಮೇಲಿನ ಡಬ್ಬಕ್ಕೆ ಸುರಿದುಬಿಟ್ಟೆ.

“ದರಿದ್ರ ಮುಂಡೆ, ಏನೇ ಮಾಡ್ದೆ?”

“ಜಾತಿ ಕಣ್ಣಿಗೆ ಕಾಣುತ್ತಾ ಸ್ವಾಮಿ?” ಅಂದೆ. “ಕಾಣಲ್ವಲ್ಲ. ಅದೂ ಸಾಯ್ಲಿ ಬಿಡಿ.”

ನೀಲಿ ದೀಪ ಹತ್ತಿತು. ಲೋಹಿತನಿಗೆ ವ್ಯಾಪಾರದ ಉಮೇದು. ಲೋಟ ತುಂಬಿ ಯಜಮಾನರ ಮುಂದೆ ಹಿಡಿದ. ಕುಡಿದರೆ ಮೈಲಿಗೆ, ಬಿಟ್ಟರೆ ಇಷ್ಟು ಹೊತ್ತು ಹೊಗಳಿದ ಯಂತ್ರ ದಂಡ. ನೆರೆಯವರು ಬಾಯಿ ಬಿಟ್ಟುಕೊಂಡು ನೋಡುತ್ತಿದ್ದರು. ಶಂಕರನಾರಾಯಣರು ಹುಡುಗನ ಕಿವಿಗೆ ಬಗ್ಗಿದರು. ಅವರು ಪಿಸುಗುಟ್ಟಿದ್ದು ಇಡೀ ಹಜಾರಕ್ಕೆ ಕೇಳಿಸಿತು.

“ಅಲ್ಲ ಮಾರಾಯ, ಮೈಲಿಗೆ ತೆಗೆಯೋ ಮಾಡೆಲ್ ಬೇರೆ ಇದ್ಯಾ?”

“ಕಂಪನಿಗೆ ಕೇಳಿ ಹೇಳ್ತೀನಿ ಸಾರ್,” ಅಂತ ಅವನು ನಿಜವಾಗಿಯೂ ಫೋನ್ ತೆಗೆದ.

ನನಗೆ ನಗುವೂ ಬಂತು, ಮೈಯೆಲ್ಲ ಉರಿಯಿತು. ಲೋಟ ಕಿತ್ತುಕೊಂಡು, ಕಚ್ಚಿಯೇ, ಗಟಗಟ ಕುಡಿದೆ. ಖಾಲಿ ಲೋಟವನ್ನು ಯಜಮಾನರ ಕೈಯಲ್ಲೇ ಇಟ್ಟೆ.

“ಇದನ್ನ ನಾನು ತೊಳೆಯಲ್ಲ. ದೀಪಕ್ಕೆ ಹಿಡಿದು ನೋಡಿ. ಏನಾದ್ರೂ ಕಂಡ್ರೆ ಹೇಳಿ ಕಳ್ಸಿ.”

ಬಾಗಿಲಲ್ಲಿ ಚಪ್ಪಲಿ ಮೆಟ್ಟಿ ತಿರುಗಿ ನೋಡಿದೆ. ಮುದುಕ ಕನ್ನಡಕ ಏರಿಸಿಕೊಂಡು, ಲೋಟವನ್ನು ನೀಲಿ ದೀಪಕ್ಕೆ ಹಿಡಿದು, ಒಳಗೆ ಇಣುಕುತ್ತಿದ್ದ.